ಗುರುಬಲ ಮತ್ತು ನಾಲ್ಕು ಚಂದ್ರರು

ನನಗೀಗ ಇಪ್ಪತ್ತೊಂಬತ್ತು. ಹಾಗಾಗಿ ನಮ್ಮನೆಯಲ್ಲಿ ಗುರುಗ್ರಹದ ಮಾತು ವಾರಕ್ಕೊಮ್ಮೆಯಾದ್ರೂ ಬಂದೇ ಬರುತ್ತೆ. ‘ಗುರುಬಲ ಇರುವಾಗ್ಲೇ ಮದುವೆ ಮುಗಿಸ್ಬೇಕು’ ಅನ್ನೋದು ಅಮ್ಮನ ಲೆಕ್ಕ. ನನ್ನ ಹಣೆಬರಹ ಬರೆಯೋ ಈ ಮಹಾಶಯನ ಮುಖವನ್ನಾದ್ರೂ ನೋಡೋಣ ಅಂತ ಗೆಳತಿಯ ಬೈನಾಕ್ಯುಲರ್ ಕೇಳಿ ತಂದೆ.

ಹುಡುಕೋದು ಕಷ್ಟವಲ್ಲ. ನಕ್ಷತ್ರಗಳು ಮಿನುಗುತ್ತವೆ, ಗುರು ಹಚ್ಚಿಟ್ಟ ದೀಪದ ಹಾಗೆ ಸ್ಥಿರವಾಗಿ ಬೆಳಗುತ್ತೆ. ಬೆಂಗಳೂರಿನ ಬೀದಿದೀಪಗಳ ನಡುವೆಯೂ ಕಾಣುತ್ತೆ. ಕೈ ನಡುಗಬಾರದು ಅಂತ ನೀರಿನ ಟ್ಯಾಂಕಿಗೆ ಮೊಣಕೈ ಊರಿ ನೋಡಿದೆ. ಪುಟ್ಟ ಬಿಳಿ ಬಿಲ್ಲೆ, ಪಕ್ಕದಲ್ಲಿ ಒಂದೇ ಗೆರೆಯಲ್ಲಿ ಮೂರು ಚುಕ್ಕಿ. ಮರುದಿನ ನಾಲ್ಕು, ಜಾಗವೂ ಬೇರೆ! ಅಯೋ, ಯುರೋಪಾ, ಗ್ಯಾನಿಮೀಡ್, ಕ್ಯಾಲಿಸ್ಟೊ. 1610ರ ಜನವರಿಯಲ್ಲಿ ಗೆಲಿಲಿಯೋ ಕಂಡದ್ದೂ ಮೊದಲು ಮೂರು, ಆಮೇಲೆ ನಾಲ್ಕು. ಆಕಾಶದಲ್ಲಿರೋದೆಲ್ಲ ಭೂಮಿಯನ್ನೇ ಸುತ್ತುತ್ತೆ ಅಂತ ಹೆಚ್ಚಿನವರು ನಂಬಿದ್ದ ಕಾಲದಲ್ಲಿ, ಈ ನಾಲ್ಕು ಗುರುವನ್ನು ಸುತ್ತುತ್ತಿದ್ದವು.

ಒಣಗಿದ ಬಟ್ಟೆ ತೆಗೆಯೋಕೆ ಬಂದ ಅಮ್ಮನಿಗೂ ತೋರಿಸಿದೆ.

‘ಅಲ್ಲಿ ಕಾಲಿಡೋಕೆ ನೆಲ ಇದೆಯೇನೇ?’

‘ಇಲ್ಲಮ್ಮ. ಬಹುಪಾಲು ಹೈಡ್ರೋಜನ್, ಹೀಲಿಯಂ. ನಮ್ಮ ಭೂಮಿಯಂಥ ಹನ್ನೊಂದು ಸಾಲಾಗಿ ಇಟ್ರೆ ಅದರ ಅಡ್ಡಗಲ. ಆದ್ರೂ 10 ಗಂಟೆಯೊಳಗೆ ಒಂದು ಸುತ್ತು ತಿರುಗುತ್ತೆ.’

ಸೂರ್ಯನನ್ನು ಸುತ್ತಲು ಮಾತ್ರ ಸುಮಾರು 12 ವರ್ಷ ಬೇಕು, ಅಂದ್ರೆ ವರ್ಷಕ್ಕೆ ಹೆಚ್ಚುಕಮ್ಮಿ ಒಂದು ರಾಶಿ. ಅಷ್ಟರ ಮಟ್ಟಿಗೆ ಅಮ್ಮನ ಪಂಚಾಂಗ ಸರಿಯೇ. ಅದಕ್ಕೂ ನನ್ನ ಮದುವೆಗೂ ಏನು ಸಂಬಂಧ ಅನ್ನೋದಷ್ಟೇ ನನ್ನ ತಕರಾರು.

ಅಮ್ಮ ಬೈನಾಕ್ಯುಲರ್ ಇಳಿಸಲೇ ಇಲ್ಲ. ಹಾಗೇ ನೋಡ್ತಾ, ‘ನಿಂಗೆ ನಿಜವಾಗ್ಲೂ ಈಗ ಮದುವೆ ಬೇಡ್ವಾ?’ ಅಂದಳು. ಇಷ್ಟು ದಿನ ಜೋಯಿಸರನ್ನು ಕೇಳುತ್ತಿದ್ದವಳು ನನ್ನನ್ನೇ ಕೇಳಿದ್ದು ಅದೇ ಮೊದಲು. ‘ಈಗ ಬೇಡಮ್ಮ’ ಅಂದೆ. ‘ಹೂಂ’ ಅಂದಳು. ಒಪ್ಪಿಗೆಯೋ ಸಿಟ್ಟೋ, ಕತ್ತಲಲ್ಲಿ ತಿಳಿಯಲಿಲ್ಲ.

ನಾಲ್ವರಲ್ಲಿ ನನಗಿಷ್ಟ ಯುರೋಪಾ. ಅದರ ಮಂಜುಗಡ್ಡೆಯ ಚಿಪ್ಪಿನಡಿ ಉಪ್ಪುನೀರಿನ ಸಾಗರ ಇರಬಹುದು ಅನ್ನೋದಕ್ಕೆ ಬಲವಾದ ಸುಳಿವುಗಳಿವೆ. 2024ರಲ್ಲಿ ಹೊರಟ ನಾಸಾದ ನೌಕೆ 2030ಕ್ಕೆ ಗುರುವಿನ ಬಳಿ ತಲುಪಬೇಕು.

ನೀವೂ ನೋಡೋದಾದ್ರೆ ಒಂದೇ ರಾತ್ರಿಗೆ ಬಿಡಬೇಡಿ. ನಾಲ್ಕೈದು ದಿನ ಒಂದೇ ಹೊತ್ತಿಗೆ ನೋಡಿ, ಚುಕ್ಕಿಗಳ ಜಾಗವನ್ನು ಕಾಗದದಲ್ಲಿ ಗುರುತು ಹಾಕಿಕೊಳ್ಳಿ. ಅಯೋ ಎರಡು ದಿನದೊಳಗೆ ಒಂದು ಸುತ್ತು ಮುಗಿಸುತ್ತೆ. ಕ್ಯಾಲಿಸ್ಟೊಗೆ ಸುಮಾರು 17 ದಿನ ಬೇಕು, ಅದು ನಿಧಾನಸ್ಥ.