ಆರಭಿಯ ರುಚಿ, ದೇವಗಾಂಧಾರಿಯ ರುಚಿ

ನುಡಿಸಿದ್ದನ್ನು ಕುಡಿಯಬಹುದಾದ ಪಿಯಾನೊ ಒಂದು ಸಾಹಿತ್ಯದಲ್ಲಿದೆ. ಫ್ರಾನ್ಸಿನ ಬೋರಿಸ್ ವಿಯಾನ್ 1947ರಲ್ಲಿ ಪ್ರಕಟಿಸಿದ ಕಾದಂಬರಿಯಲ್ಲಿ ಕೊಲಿನ್ ಎಂಬ ಯುವಕನ ಮನೆಯಲ್ಲಿ ಅದು ಕೂತಿದೆ, ಹೆಸರು ಪಿಯಾನೊಕ್‌ಟೇಲ್. ಒಂದೊಂದು ಸ್ವರಕ್ಕೆ ಒಂದೊಂದು ಮದ್ಯ ಅಥವಾ ಪರಿಮಳ. ಸ್ವರವನ್ನು ಎಷ್ಟು ಹೊತ್ತು ಹಿಡಿದರೆ ಲೋಟಕ್ಕೆ ಅಷ್ಟು ಬೀಳುತ್ತದೆ. ಒಂದು ಪೆಡಲ್ ಒತ್ತಿದರೆ ಕಡೆದ ಮೊಟ್ಟೆ, ಇನ್ನೊಂದಕ್ಕೆ ಐಸು. ಸೋಡಾ ಬೇಕೆಂದರೆ ಮೇಲಿನ ಸ್ಥಾಯಿಯಲ್ಲಿ ಸ್ವರವನ್ನು ನಡುಗಿಸಬೇಕು. ಜಾಝ್ ಕಾವೇರಿತೆಂದರೆ ಮಾತ್ರ ಕಷ್ಟ, ಪಾನೀಯದೊಳಗೆ ಆಮ್ಲೆಟ್ಟಿನ ಚೂರುಗಳು ಬರುತ್ತವೆ!

ಆ ಆಮ್ಲೆಟ್ಟಿನ ಚೂರು ನನಗೆ ಬಲು ಇಷ್ಟ. ಕನಸು ಕಾಣುವವರು ಬಹಳ ಮಂದಿ. ಕನಸಿನ ಯಂತ್ರ ಎಲ್ಲಿ ಕೈಕೊಡುತ್ತದೆ ಎಂದು ಯೋಚಿಸುವವರು ಕಮ್ಮಿ. ವಿಯಾನ್ ಓದಿದ್ದು ಎಂಜಿನಿಯರಿಂಗ್, ಸಂಜೆಯಾದರೆ ಪ್ಯಾರಿಸ್ಸಿನಲ್ಲಿ ಟ್ರಂಪೆಟ್ ಊದುತ್ತಿದ್ದ, ಕೆಲಸ ಮಾಡಿದ್ದು ಗಾಜಿನ ಸಾಮಾನುಗಳಿಗೆ ಗುಣಮಟ್ಟ ಗೊತ್ತುಮಾಡುವ ಕಚೇರಿಯಲ್ಲಿ. ಸ್ವರ, ಯಂತ್ರ, ಲೋಟ ಮೂರನ್ನೂ ಬಲ್ಲವನ ಕೈಯಿಂದಲೇ ಇಂಥದ್ದು ಹುಟ್ಟಬೇಕು.

ಆಸೆ ಮಾತ್ರ ಅವನಿಗಿಂತ ಹಳೆಯದು. ಪೋನ್ಸೆಲೆ ಎಂಬ ಫ್ರೆಂಚ್ ಪಾದ್ರಿ 1755ರಲ್ಲೇ ರುಚಿಯ ರಸಾಯನಶಾಸ್ತ್ರದ ಮೇಲೆ ಪುಸ್ತಕ ಬರೆದು, ಏಳು ಸ್ವರಕ್ಕೆ ಏಳು ರುಚಿ ಹಂಚಿಕೊಟ್ಟ. ಹುಳಿ, ಸಪ್ಪೆ, ಸಿಹಿ, ಕಹಿ, ಹುಳಿಸಿಹಿ, ಒಗರು, ಚುರುಕು. ಬೆರಳು ಮಡಚಿ ಎಣಿಸಿ ನೋಡಿ: ಉಪ್ಪೇ ಇಲ್ಲ. ಉಪ್ಪಿಗಿಂತ ರುಚಿಯಿಲ್ಲ ಎಂದು ನಂಬಿ ಬೆಳೆದವರಿಗೆ ಈ ಸಪ್ತಕ ಅಪೂರ್ಣವೆನಿಸುತ್ತದೆ. ನಮ್ಮ ಷಡ್ರಸದಲ್ಲಿ ಉಪ್ಪಿಗೆ ಗಟ್ಟಿ ಜಾಗವಿದೆ, ಸಪ್ಪೆಗೆ ಇಲ್ಲ. ಸ್ವರ ಏಳೇ ಇರಲಿ, ರುಚಿಯ ಪಟ್ಟಿ ಊರೂರಿಗೆ ಬೇರೆ.

ಹಾಗಾದರೆ ಇದೆಲ್ಲ ಬರೀ ಕಲ್ಪನೆಯೇ? ಅಲ್ಲ. ಜ್ಯೂರಿಕ್‌ನ ಸಂಶೋಧಕರು 2005ರಲ್ಲಿ ವೃತ್ತಿಪರ ಸಂಗೀತಗಾರ್ತಿಯೊಬ್ಬರ ವಿಷಯ ‘ನೇಚರ್’ ಪತ್ರಿಕೆಯಲ್ಲಿ ಬರೆದರು. ಎರಡು ಸ್ವರಗಳ ಅಂತರ ಕಿವಿಗೆ ಬಿದ್ದ ಕೂಡಲೇ ಆಕೆಯ ನಾಲಿಗೆಗೆ ರುಚಿ ಹತ್ತುತ್ತದೆ. ಆಕೆಗೆ ಹತ್ತುವ ರುಚಿಗಳನ್ನು ನಮ್ಮ ಷಡ್ಜದಿಂದ ಅಳೆದು ನೋಡೋಣ. ಶುದ್ಧ ರಿಷಭ ಹುಳಿ, ಸಾಧಾರಣ ಗಾಂಧಾರ ಉಪ್ಪು, ಅಂತರ ಗಾಂಧಾರ ಸಿಹಿ, ಶುದ್ಧ ಮಧ್ಯಮ ಕೊಯ್ದ ಹುಲ್ಲು, ಪಂಚಮ ತಿಳಿನೀರು, ಶುದ್ಧ ಧೈವತ ಕೆನೆ. ಈ ಲೆಕ್ಕದಲ್ಲಿ ತಂಬೂರಿಯ ಸ-ಪ ಎಂದರೆ ಶುದ್ಧ ನೀರು. ಅಡುಗೆ ಶುರುವಾಗುವುದೂ ನೀರಿನಿಂದಲೇ ತಾನೆ! ಕರ್ನಾಟಕ ಸಂಗೀತದ ಮಕ್ಕಳು ಮೊದಲ ಪಾಠ ಕಲಿಯುವ ಮಾಯಾಮಾಳವಗೌಳದಲ್ಲಿ ಹುಳಿಯ ಬೆನ್ನಿಗೇ ಸಿಹಿ ಸಿಗುತ್ತದೆ. ಇಲ್ಲಿಯವರೆಗೆ ಪಟ್ಟಿ ಚೆನ್ನಾಗಿಯೇ ನಡೆಯಿತು. ಪ್ರತಿಮಧ್ಯಮಕ್ಕೆ ಬಂದಾಗ ಆಕೆಗೆ ಹತ್ತುವುದು ಅಸಹ್ಯ! ನಮಗೆ ಪ್ರತಿಮಧ್ಯಮವಿಲ್ಲದೆ ಕಲ್ಯಾಣಿಯಿಲ್ಲ, ಪೂರ್ವಿಕಲ್ಯಾಣಿಯಿಲ್ಲ. ಕಲ್ಯಾಣಿಯ ಆಲಾಪನೆ ಕೇಳಿ ಮೈಮರೆತವರನ್ನು ಎಷ್ಟು ಕಚೇರಿಗಳಲ್ಲಿ ನೋಡಿಲ್ಲ!

ನನ್ನ ಮಾತು ಇಲ್ಲಿಂದ ಶುರು. ಬಿಡಿ ಸ್ವರಕ್ಕೆ ಬಿಡಿ ರುಚಿ ಕಟ್ಟುವ ಯಾವ ವಾದ್ಯವೂ ರಾಗದ ಬಾಗಿಲ ಹತ್ತಿರವೂ ಬರಲಾರದು. ಆರಭಿಯನ್ನೂ ದೇವಗಾಂಧಾರಿಯನ್ನೂ ತೆಗೆದುಕೊಳ್ಳಿ. ಎರಡಕ್ಕೂ ಆರೋಹಣ ಅವೇ ಸ್ವರ, ಅವರೋಹಣ ಅವೇ ಸ್ವರ. ಆದರೂ ತ್ಯಾಗರಾಜರ ಆರಭಿ ಪಂಚರತ್ನ ‘ಸಾಧಿಂಚೆನೆ’ ಚುರುಕಾಗಿ, ನೇರ ಸ್ವರಗಳ ಮೇಲೆ ಹೆಜ್ಜೆಯಿಡುತ್ತದೆ. ದೇವಗಾಂಧಾರಿಯ ‘ಕ್ಷೀರಸಾಗರ ಶಯನ’ ಅದೇ ಸ್ವರಗಳನ್ನು ಎಳೆದು, ತೂಗಿ, ನಿಂತು ನಿಂತು ಸಾಗುತ್ತದೆ. ಹಿಂದೂಸ್ತಾನಿಯಲ್ಲಿ ಭೂಪ್ ಮತ್ತು ದೇಶಕಾರ್ ಹೀಗೆಯೇ: ಐದೂ ಸ್ವರ ಒಂದೇ, ರಾಗ ಎರಡು. ಕೊಲಿನ್‌ನ ಪಿಯಾನೊದಲ್ಲಿ ಇವನ್ನು ನುಡಿಸಿದರೆ ಅವೇ ಶೀಶೆಗಳು ತೆರೆಯುತ್ತವೆ; ಅಳತೆ ಹೆಚ್ಚುಕಮ್ಮಿಯಾದೀತು, ಅಷ್ಟೆ. ಯಾವುದರ ಹಿಂದೆ ಯಾವುದು ಬಂತು, ಸ್ವರ ಹೇಗೆ ತೂಗಿತು ಎಂಬ ನೆನಪೇ ಲೋಟಕ್ಕಿಲ್ಲ.

ಒಗ್ಗರಣೆಗೆ ಆ ನೆನಪಿದೆ. ಸಾರಿನ ಒಗ್ಗರಣೆಯನ್ನು ಹತ್ತಿರ ನಿಂತು ನೋಡಿ. ಕಬ್ಬಿಣದ ಸೌಟಿನಲ್ಲಿ ತುಪ್ಪ ಕಾಯಬೇಕು, ಆಮೇಲೆ ಸಾಸಿವೆ. ಅದು ಮೊದಲು ಒಂದೆರಡು ಸಿಡಿದು, ಆಮೇಲೆ ಒಟ್ಟಿಗೆ ಚಟಪಟ ಎಂದು, ಸದ್ದು ತಗ್ಗುವ ಹೊತ್ತಿಗೆ ಒಣಮೆಣಸಿನಕಾಯಿ, ಇಂಗು, ಕೊನೆಗೆ ಕರಿಬೇವು. ಸಾಮಾನು ಅವೇ, ಕ್ರಮ ತಪ್ಪಿಸಿ. ಕರಿಬೇವು ಕರಟುತ್ತದೆ, ಸಾಸಿವೆ ಹಸಿಯಾಗಿ ಉಳಿದು ಕಹಿಯಾಗುತ್ತದೆ. ಪಳಗಿದ ಕೈಯವರು ಸೌಟಿನ ಕಡೆ ನೋಡುವುದೇ ಇಲ್ಲ. ಬೆನ್ನು ತಿರುಗಿಸಿ ತರಕಾರಿ ಹೆಚ್ಚುತ್ತಾ, ಚಟಪಟ ತಗ್ಗಿದ್ದನ್ನು ಕೇಳಿಯೇ ಕೈ ಚಾಚುತ್ತಾರೆ. ಕಿವಿ ಹೇಳಿದ ಗಳಿಗೆಯೇ ನಾಲಿಗೆಗೆ ರುಚಿಯಾಗುತ್ತದೆ. ಸದ್ದಿನಿಂದ ರುಚಿ ಹೊರಡಿಸುವ ವಾದ್ಯ ಬೇಕೆಂದು ಫ್ರಾನ್ಸಿನಲ್ಲಿ ಇಷ್ಟು ಕಾಲ ಕನಸು ಕಂಡರಲ್ಲ, ಅದರ ಅರ್ಧ ನಮ್ಮ ಒಲೆಯ ಮೇಲೆ ದಿನಾ ನಡೆದಿದೆ.

ಸದ್ದು ರುಚಿಯ ಅಂಗವೇ ಎನ್ನುವುದಕ್ಕೆ ಪ್ರಯೋಗದ ಸಾಕ್ಷಿಯೂ ಇದೆ. ಆಕ್ಸ್‌ಫರ್ಡಿನ ಚಾರ್ಲ್ಸ್ ಸ್ಪೆನ್ಸ್ ಮತ್ತು ಮಾಸ್ಸಿಮಿಲಿಯಾನೊ ಝಾಂಪಿನಿ ಜನರಿಗೆ ಆಲೂಗಡ್ಡೆ ಚಿಪ್ಸ್ ಕಚ್ಚಿಸಿ, ಆ ಸದ್ದನ್ನೇ ತಿದ್ದಿ ಹೆಡ್‌ಫೋನಿನಲ್ಲಿ ಕೇಳಿಸಿದರು. ಸದ್ದಿನ ಏರುದನಿಯ ಭಾಗ ಜೋರಾದಷ್ಟೂ ಚಿಪ್ಸು ತಾಜಾ, ಗರಿಗರಿ ಎಂದರು ತಿಂದವರು. ಮಳೆಗಾಲದಲ್ಲಿ ಮೆತ್ತಗಾದ ಹಪ್ಪಳವನ್ನು ಬಾಯಿಗಿಟ್ಟವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಪಿಯಾನೊಕ್‌ಟೇಲನ್ನು ನಿಜವಾಗಿಯೂ ಮಾಡಿ ತೋರಿಸಲು ಹೊರಟವರು ಇದ್ದಾರೆ, ಮುಂದೆಯೂ ಬರುತ್ತಾರೆ. ಬರಲಿ. ಇಂಥ ಆಸೆಗಳಿಂದಲೇ ಕಿವಿಯ ಬಗೆಗೂ ನಾಲಿಗೆಯ ಬಗೆಗೂ ನಮಗೆ ಹೊಸ ವಿಷಯ ತಿಳಿಯುತ್ತದೆ. ಆದರೆ ಹಾಗೆ ಮಾಡುವವರು ಶೀಶೆಗಳನ್ನು ಸಾಲಾಗಿ ಜೋಡಿಸುವ ಮೊದಲು ಒಬ್ಬ ಸಂಗೀತಗಾರರ ಜೊತೆಗೂ ಒಬ್ಬ ಅಡುಗೆಯವರ ಜೊತೆಗೂ ಕೂತು ಮಾತಾಡಲಿ. ವಾದ್ಯ ಸಿದ್ಧವಾದ ದಿನ ಪರೀಕ್ಷೆ ಒಂದೇ ಸಾಕು: ಆರಭಿಗೊಂದು, ದೇವಗಾಂಧಾರಿಗೊಂದು ಲೋಟ ತುಂಬಿಸಿ ಕೊಡಲಿ. ಎರಡರ ರುಚಿಯೂ ಬೇರೆಯಾಗಿದ್ದರೆ ಅದನ್ನು ವಾದ್ಯವೆಂದು ಒಪ್ಪಿಕೊಳ್ಳುತ್ತೇನೆ.