ಪಟ್ಟಣದೊಳಗಿನ ಮಾವೊರಿ ಹಾಡು

ಪೋಯಿ ಎಂಬುದು ದಾರದ ತುದಿಗೆ ಕಟ್ಟಿದ ಹಗುರವಾದ ಚೆಂಡು. ನ್ಯೂಜಿಲೆಂಡಿನ ಮೂಲನಿವಾಸಿಗಳಾದ ಮಾವೊರಿ ಜನರ ಸ್ತ್ರೀಯರು ಅದನ್ನು ಹಾಡಿನ ಲಯಕ್ಕೆ ಬೀಸಿ ತಿರುಗಿಸಿ ಕುಣಿಯುವರು. ಈ ಚೆಂಡು ಆ ದೇಶದ ಪಟ್ಟಣಗಳನ್ನು ಹೊಕ್ಕ ಕಥೆ ಕೇಳತಕ್ಕದ್ದು.

1945ರಲ್ಲಿ ಮಾವೊರಿಗಳಲ್ಲಿ ನೂರಕ್ಕೆ ಸುಮಾರು 26 ಜನ ಮಾತ್ರ ಪಟ್ಟಣವಾಸಿಗಳು. 1986ರ ಹೊತ್ತಿಗೆ ಈ ಸಂಖ್ಯೆ 80ರ ಸಮೀಪಕ್ಕೆ ಬಂದಿತು. ಆಕ್ಲೆಂಡ್, ವೆಲಿಂಗ್ಟನ್‌ಗಳಿಗೆ ಬಂದವರಿಗೆ ಕೂಲಿಯೇನೋ ದೊರೆಯಿತು. ಕುಲದವರೆಲ್ಲ ಕಲೆಯುವ ಅಂಗಳವು ಹಳ್ಳಿಯಲ್ಲಿಯೇ ಉಳಿಯಿತು. ಶಾಲೆಯಲ್ಲಿ ತಾಯ್ನುಡಿಯನ್ನಾಡಿ ಪೆಟ್ಟು ತಿಂದಿದ್ದ ಹಿರಿಯರು, ಮಕ್ಕಳಿಗಾದರೂ ಆ ಕಷ್ಟ ಬೇಡವೆಂದು ಮನೆಯಲ್ಲಿ ಇಂಗ್ಲಿಷನ್ನೇ ಆಡಿದರು. ವಾತ್ಸಲ್ಯವೇ ನುಡಿಯ ಬಾಯಿ ಕಟ್ಟಿತು!

ಮಾವೊರಿ ನುಡಿ ಬಾರದ ಆ ತಲೆಮಾರಿನವರಲ್ಲೊಬ್ಬನು ಡಾಲ್ವೇನಿಯಸ್ ಪ್ರೈಮ್. ಆಸ್ಟ್ರೇಲಿಯದಲ್ಲಿ ಹಾಡಿ ಹೆಸರು ಪಡೆದಿದ್ದ ಈತನು 1982ರಲ್ಲಿ ಟೊಕೊಮಾರು ಕೊಲ್ಲಿಯ ಹಿರಿಯ ಕವಯಿತ್ರಿ ಙೋಯಿ ಪೇಫೈರಂಗಿಯವರ ಬಳಿಗೆ ಹೋದನು. ತರುಣರಲ್ಲಿ ಕುಲದ ಅಭಿಮಾನವನ್ನು ಹುಟ್ಟಿಸುವ ಬಗೆ ಹೇಗೆಂದು ಅವರು ಕೇಳಿದರು. ತರುಣರು ಮೆಚ್ಚಿದ ಸಂಗೀತದಲ್ಲಿಯೇ ನುಡಿಯನ್ನು ಕೊಡಬೇಕೆಂದು ಈತನ ಉತ್ತರ. ಅವರು ಪದ ಕಟ್ಟಿದರು, ಈತನು ರಾಗ ಹಾಕಿದನು. 'ಪೋಯಿ ಎ' ಹುಟ್ಟಿತು. ಅದರಲ್ಲಿ ಪೋಯಿಗೆ ಬೀಸಣಿಗೆಯಂತಹ ಬಾಲವುಳ್ಳ ಪುಟ್ಟ ಹಕ್ಕಿಯೊಂದರ ಹೋಲಿಕೆಯಿದೆ. ಕಾಡಿನ ಸಂದಿಗಳಲ್ಲಿ ನುಸುಳಿ ಹಾರುವ ಆ ಹಕ್ಕಿಯಲ್ಲಿ, ಪಟ್ಟಣದ ಗೋಡೆಗಳ ನಡುವೆ ದಾರಿ ಹುಡುಕುವ ಹುಡುಗರನ್ನು ಕಾಣುವುದು ಕಷ್ಟವಲ್ಲ.

ಅದೇ ವರ್ಷ ಡಾಲ್ವೇನಿಯಸನ ಹುಟ್ಟೂರಾದ ಪಾಟಿಯಾದಲ್ಲಿ ಮಾಂಸದ ಕಾರ್ಖಾನೆ ಮುಚ್ಚಿಹೋಯಿತು. ಊರಿಗೆ ಊರೇ ಅದನ್ನು ನಂಬಿದ್ದಿತು. ಕೆಲಸ ಕಳೆದುಕೊಂಡ ಆ ಊರಿನ ಮಾವೊರಿ ಸಂಘದವರಿಂದಲೇ ಈತನು ಹಾಡಿಸಿದನು. ಧ್ವನಿಮುದ್ರಿಕೆಯ ಕಂಪನಿಗಳು ಒಲ್ಲೆವೆಂದವು, ತಾನೇ ಹೊರತಂದನು. 1984ರಲ್ಲಿ ಅದು ನಾಲ್ಕು ವಾರ ದೇಶದ ಹಾಡುಗಳಲ್ಲಿ ಮೊದಲನೆಯದಾಗಿ ನಿಂತಿತು. ಯಂತ್ರದ ತಾಳ ಕೂಡಿಸಿ ಹಳೆಯ ಕಲೆಯನ್ನು ಕೆಡಿಸಿದನೆಂದು ಮೂಗು ಮುರಿಯುವವರಿರಬಹುದು. ಕೇಳುವವರಿಲ್ಲದೆ ಶುದ್ಧವಾಗಿ ಉಳಿದ ಹಾಡಿನಿಂದ ಆ ಹುಡುಗರಿಗೆ ಬರುವುದೇನಿತ್ತು?

1987ರಲ್ಲಿ ಮಾವೊರಿಯು ಅಧಿಕೃತ ಭಾಷೆಯಾಯಿತು. ಮರುವರ್ಷ ವೆಲಿಂಗ್ಟನ್ ಬಳಿಯ 'ಅಪ್ಪರ್ ಹಟ್ ಪೋಸಿ' ಎಂಬ ತರುಣರ ಮೇಳವು 'ಇ ಟೂ', ಎಂದರೆ 'ಎದ್ದು ನಿಲ್ಲು', ಎಂಬ ಹಾಡನ್ನು ಹೊರತಂದಿತು. ಧಾಟಿ ಅಮೆರಿಕದ ಕಪ್ಪು ಜನರ ರ‍್ಯಾಪ್. ಹೆಸರುಗಳು ಮಾತ್ರ ಹೋನೆ ಹೆಕೆ, ಟೆ ಕೂಟಿ ಮೊದಲಾದ, ಬ್ರಿಟಿಷರನ್ನೆದುರಿಸಿದ ವೀರರವು. ಇಲ್ಲಿ ಪೋಯಿಯ ನಯವಿಲ್ಲ, ಸಿಟ್ಟಿದೆ. ಬೀದಿಯ ಬದುಕು ಅದನ್ನು ಕಲಿಸಿತ್ತು. 1985ರಲ್ಲಿಯೇ ತೀರಿಕೊಂಡ ಙೋಯಿಯವರು ಇದನ್ನು ಕೇಳಲಿಲ್ಲ. 'ಪೋಯಿ ಎ' 2010ರಲ್ಲಿ 'ಬಾಯ್' ಎಂಬ ಚಲಚ್ಚಿತ್ರದಿಂದ ಮತ್ತೆ ಜನಪ್ರಿಯ ಹಾಡುಗಳ ಪಟ್ಟಿಯನ್ನೇರಿತು. ಡಾಲ್ವೇನಿಯಸನು ತೀರಿ ಎಂಟು ವರ್ಷಗಳಾಗಿದ್ದವು.