ಅತ್ತೆಯ ಮಿಸ್ಡ್ ಕಾಲ್

ಡೊಂಬಿವಲಿಯಿಂದ ಧಾರವಾಡಕ್ಕೆ ಬಸ್ಸಿನಲ್ಲಿ ಒಂದು ರಾತ್ರಿ ಬೇಕು. ಮನೆಯ ಸುದ್ದಿಗೆ ಅಷ್ಟೂ ಬೇಡ.

2011ರ ಮಾತು. ನನ್ನ ಮಗಳಿಗೆ ಆಗ 22 ವರ್ಷ. (ಅವಳ ಒಪ್ಪಿಗೆ ಪಡೆದೇ ಬರೆಯುತ್ತಿದ್ದೇನೆ.) ಗದ್ದ, ಮೇಲ್ತುಟಿ, ಕಿವಿಯ ಮುಂದೆ ದಪ್ಪ ಕಪ್ಪು ಕೂದಲು. ಎರಡು ವಾರಕ್ಕೊಮ್ಮೆ ಪಾರ್ಲರಿನಲ್ಲಿ ಥ್ರೆಡಿಂಗ್, ಮೇ ತಿಂಗಳಲ್ಲೂ ಗದ್ದದವರೆಗೆ ದುಪಟ್ಟಾ. ಬೆಳಗಿನ ಲೋಕಲ್ಲಿನ ಲೇಡೀಸ್ ಡಬ್ಬಿಯಲ್ಲಿ ಮುಖಕ್ಕೆ ಮುಖ ತಾಗುವ ಹಾಗೆ ನಿಂತು ಹೋದವರಿಗೆ ಗೊತ್ತು, ಅಲ್ಲಿ ಏನನ್ನೂ ಮುಚ್ಚಿಡಲು ಆಗುವುದಿಲ್ಲ. ಒಂದು ದಿನ ಮನೆಗೆ ಬಂದವಳೇ ‘ಕೆಲಸ ಬಿಡ್ತೀನಿ’ ಅಂದಳು.

ಮುಟ್ಟು ಕೂಡ ಎರಡು ತಿಂಗಳಿಗೋ ಮೂರು ತಿಂಗಳಿಗೋ ಒಮ್ಮೆ. ಎರಡಕ್ಕೂ ಮೂಲ ಒಂದೇ ಎಂದು ಹೇಳಿದವರು ಸ್ಟೇಷನ್ ಹತ್ತಿರದ ಮರಾಠಿ ಡಾಕ್ಟರಬಾಯಿ. ರಕ್ತಪರೀಕ್ಷೆ, ಸೋನೋಗ್ರಫಿ ಎಲ್ಲ ಆದ ಮೇಲೆ ಪಿಸಿಒಎಸ್ ಅಂದರು. ಬಿಪಿ ನೋಡಿದರು. ಅರೆತಲೆನೋವು ಬರುತ್ತದೆಯೇ, ಕಣ್ಣ ಮುಂದೆ ಮಿಂಚಿದಂತೆ ಆಗುತ್ತದೆಯೇ, ಮನೆಯಲ್ಲಿ ಯಾರಿಗಾದರೂ ರಕ್ತ ಹೆಪ್ಪುಗಟ್ಟಿತ್ತೇ, ಸಿಗರೇಟು ಸೇದುತ್ತೀಯಾ ಎಂದೆಲ್ಲ ಕೇಳಿದರು. ಆಮೇಲೆ ಚೀಟಿಯಲ್ಲಿ ಬರೆದದ್ದು ಗರ್ಭನಿರೋಧಕ ಗುಳಿಗೆ! ಅಷ್ಟೆಲ್ಲ ಕೇಳಿದ್ದೂ ಅದಕ್ಕೇ. ಈ ಗುಳಿಗೆಯಿಂದ ರಕ್ತ ಹೆಪ್ಪುಗಟ್ಟುವ ಅಪಾಯ ತುಸು ಏರುತ್ತದಂತೆ. ಕೆಮಿಸ್ಟನ ಹತ್ತಿರ ತಾವಾಗಿ ಹೆಸರು ಹೇಳಿ ಕೊಂಡು ನುಂಗುವಂಥದ್ದಲ್ಲ.

ಎಂ.ಕಾಂ. ಓದಿದವಳಿಗೆ ಹಾರ್ಮೋನಿನ ವ್ಯವಹಾರ ಹೇಗೆ ತಿಳಿಯಬೇಕು? ನಾನು ನನ್ನ ಭಾಷೆಯಲ್ಲಿ ತಿಳಿದುಕೊಂಡೆ. ಗಂಡಸರ ಹಾರ್ಮೋನು ಅನ್ನುವ ಟೆಸ್ಟೊಸ್ಟೆರಾನ್ ಹೆಂಗಸರಲ್ಲೂ ಸ್ವಲ್ಪ ಇರುತ್ತದೆ. ಅದು ಹೆಚ್ಚಾದರೆ ನವಿರು ಕೂದಲು ದಪ್ಪವಾಗುತ್ತದೆ. ಈ ಗುಳಿಗೆ ಅಂಡಾಶಯದಲ್ಲಿ ಅದರ ಉತ್ಪತ್ತಿಯನ್ನು ತಗ್ಗಿಸುತ್ತದೆ. ಜೊತೆಗೆ ಅದನ್ನು ಹಿಡಿದಿಡುವ ಒಂದು ಪ್ರೊಟೀನನ್ನು ಯಕೃತ್ತು ಹೆಚ್ಚು ತಯಾರಿಸುವಂತೆ ಮಾಡುತ್ತದೆ. ಅಂದರೆ ಕೈಯಲ್ಲಿ ಓಡಾಡುವ ನಗದನ್ನು ಎಫ್.ಡಿ.ಯಲ್ಲಿ ಇಟ್ಟ ಹಾಗೆ. ಹಣ ಇದೆ, ಖರ್ಚಿಗೆ ಸಿಗುವುದಿಲ್ಲ. ಆದರೆ ಆಗಲೇ ದಪ್ಪವಾದ ಕೂದಲು ಉದುರುವುದಿಲ್ಲ. ಕನಿಷ್ಠ 6 ತಿಂಗಳು ಕಾಯಬೇಕು, ಥ್ರೆಡಿಂಗ್ ನಡೆದೇ ಇರಲಿ ಅಂದರು.

21 ದಿನ ಗುಳಿಗೆ, 7 ದಿನ ಬಿಡುವು. ಎರಡನೇ ಸ್ಟ್ರಿಪ್ ನಡೆದಿತ್ತು. ಗಣಪತಿ ಹಬ್ಬಕ್ಕೆ ಹುಬ್ಬಳ್ಳಿಯಿಂದ ಬಂದಿದ್ದ ನಾದಿನಿ ಫ್ರಿಜ್ಜಿನ ಮೇಲಿದ್ದ ಡಬ್ಬಿ ಓದಿದಳು. ನನ್ನನ್ನು ಏನೂ ಕೇಳಲಿಲ್ಲ. ಅವಳಿನ್ನೂ ನಮ್ಮ ಮನೆಯಲ್ಲಿ ಮೋದಕ ತಿನ್ನುತ್ತಿರುವಾಗಲೇ ಧಾರವಾಡದಿಂದ ಅತ್ತೆಯ ಫೋನು.

‘ಲಗ್ನಾ ಆಗದ ಹುಡುಗಿಗೆ ಆ ಗುಳಿಗಿ ಯಾಕ ಕೊಡ್ಲಿಕ್ಕತ್ತೀ? ನಾಳೆ ಮಕ್ಕಳಾಗಲಿಲ್ಲಂದ್ರ?’

ಆಗ ಗದಗಿನ ಕಡೆಯ ಒಂದು ಸಂಬಂಧದ ಮಾತು ನಡೆದಿತ್ತು. ಈ ಸುದ್ದಿ ಅಲ್ಲಿಗೆ ಹೋದರೆ ಏನಾಗುತ್ತದೆಂದು ಹೇಳಬೇಕಿಲ್ಲ. ‘ಶಕ್ತಿಗೆ ಕೊಟ್ಟದ್ದು’ ಅಂತ ಹೇಳಿಬಿಡು ಎಂದು ನಮ್ಮವರು ಕಣ್ಸನ್ನೆ ಮಾಡಿದರು. ನಾನು ಹಾಗೆ ಹೇಳಲಿಲ್ಲ. ಕೂದಲು, ಮುಟ್ಟು, ಡಾಕ್ಟರು ಹೇಳಿದ್ದು, ಗುಳಿಗೆಯಿಂದ ಬಂಜೆತನ ಬರುವುದಿಲ್ಲ ಎಂಬುದು, ಎಲ್ಲವನ್ನೂ ಹೇಳಿದೆ. ‘ಮುಟ್ಟು’ ಎಂಬ ಶಬ್ದವನ್ನು ಅತ್ತೆಯ ಮುಂದೆ ಅಷ್ಟು ಸಲ ಅಂದದ್ದು ಅದೇ ಮೊದಲು.

ಆ ಕಡೆ ಬಹಳ ಹೊತ್ತು ಮಾತಿಲ್ಲ. ಫೋನು ಕಟ್ಟಾಯಿತೇನೋ ಅಂದುಕೊಂಡೆ.

‘ನಮ್ಮ ಅಕ್ಕಗೂ ಹಿಂಗ ಇತ್ತು. ಬೂದಿ ಹಚ್ಚಿಕೊಂಡು ಕಿತ್ತಕೋತಿದ್ಲು. ಯಾರೂ ಬರಬಾರದಂತ ನಾ ಬಾಗಲಾ ಕಾಯ್ತಿದ್ದೆ. ಮುಟ್ಟೂ ಸರಿ ಇದ್ದಿಲ್ಲ ಆಕಿದು.’ ಮತ್ತೆ ಸ್ವಲ್ಪ ಸುಮ್ಮನಿದ್ದು, ‘ಹೊತ್ತಿಗೆ ಸರಿಯಾಗಿ ತಗೋಳಿಕ್ಕೆ ಹೇಳು ಹುಡುಗಿಗೆ’ ಅಂದರು.

ಮಾರನೆಯ ದಿನದಿಂದ ರಾತ್ರಿ 9ಕ್ಕೆ ಸರಿಯಾಗಿ ಮಗಳ ಮೊಬೈಲಿಗೆ ಧಾರವಾಡದಿಂದ ಒಂದು ಮಿಸ್ಡ್ ಕಾಲ್. ಏಳು ದಿನದ ಬಿಡುವು ಅತ್ತೆಗೆ ಲೆಕ್ಕಕ್ಕಿಲ್ಲ! ನಾದಿನಿಗೂ ಅವರೇ ಏನು ಹೇಳಿದರೋ, ಅವಳು ಮತ್ತೆ ಆ ಮಾತು ಎತ್ತಲಿಲ್ಲ.

ಎಂಟನೇ ತಿಂಗಳ ಹೊತ್ತಿಗೆ ಥ್ರೆಡಿಂಗ್ ಐದು ವಾರಕ್ಕೊಮ್ಮೆ ಆಯಿತು. ಪವಾಡವೇನಲ್ಲ, ಆದರೆ ದುಪಟ್ಟಾ ಹೆಗಲಿಗೆ ಇಳಿಯಿತು. ಕೆಲಸ ಬಿಡುವ ಮಾತೂ ನಿಂತಿತು. ಗದಗಿನ ಸಂಬಂಧ ಮುರಿದದ್ದು ಹುಡುಗನ ಕಡೆಯವರು ಫ್ಲ್ಯಾಟ್ ಕೇಳಿದ್ದಕ್ಕೆ. 2014ರಲ್ಲಿ ಪುಣೆಯ ಹುಡುಗನ ಜೊತೆ ಮದುವೆಯಾಯಿತು. ಅವನಿಗೆ ಎಲ್ಲವನ್ನೂ ಅವಳೇ ಮೊದಲೇ ಹೇಳಿದ್ದಳು. ಮುಂದೆ ಡಾಕ್ಟರರನ್ನು ಕೇಳಿ ಗುಳಿಗೆ ಬಿಟ್ಟಳು, 2016ರಲ್ಲಿ ಮಗ ಹುಟ್ಟಿದ. ಗುಳಿಗೆ ಬಿಟ್ಟ ಮೇಲೆ ಕೂದಲು ಸ್ವಲ್ಪ ಮರಳಿತು. ಅದಕ್ಕೆ ಲೇಸರ್ ಮಾಡಿಸಿಕೊಂಡಿದ್ದಾಳೆ. ಎಷ್ಟು ಖರ್ಚಾಯಿತು ಅಂತ ಮಾತ್ರ ಈ ಬ್ಯಾಂಕಿನವಳಿಗೆ ಹೇಳಿಲ್ಲ.